ಜೂನ್ ಒಂದನೇ ತಾರೀಖು

ಸಮನ್ಸ್ ತಂದ ಪೊಲೀಸ್ ಹುಡುಗ ನನ್ನ ಹಳೆಯ ವಿದ್ಯಾರ್ಥಿ. "ಗಾಬರಿ ಆಗ್ಬೇಡಿ ಸಾರ್, ನಿಮ್ಮ ಹೆಸರಿಗೆ ಬಂದಿಲ್ಲ, ಹುದ್ದೆಗೆ ಬಂದಿದೆ" ಅಂತ ಮೊದಲೇ ಸಮಾಧಾನ ಹೇಳಿ ಆಮೇಲೆ ಕಾಗದ ಕೈಗಿಟ್ಟ. ಹುದ್ದೆ ಅಂದರೆ ಮುಖ್ಯ ಶಿಕ್ಷಕರು, ಸರ್ಕಾರಿ ಪ್ರೌಢಶಾಲೆ. ಹಿಂದಿದ್ದವರು ನಿವೃತ್ತರಾದ ಮೇಲೆ ಆ ಕುರ್ಚಿ ಪ್ರಭಾರದ ಮೇಲೆ ನನ್ನ ಪಾಲಿಗೆ ಬಂದಿತ್ತು. ಅಸಲಿಗೆ ನಾನು ವಿಜ್ಞಾನದ ಮೇಷ್ಟ್ರು. ಮಕ್ಕಳ ಮೇಲಿನ ಲೈಂಗಿಕ ಅಪರಾಧಗಳನ್ನು ವಿಚಾರಿಸುವ ಜಿಲ್ಲಾ ಕೇಂದ್ರದ ಪೋಕ್ಸೊ ವಿಶೇಷ ನ್ಯಾಯಾಲಯಕ್ಕೆ ದಾಖಲಾತಿ ವಹಿಯ ಮೂಲಪ್ರತಿಯೊಂದಿಗೆ ಹಾಜರಾಗತಕ್ಕದ್ದು ಅಂತ ಕಾಗದ ಹೇಳುತ್ತಿತ್ತು. ಹುಡುಗಿಯ ಹೆಸರು ಓದಿದೆ. ನಮ್ಮ ಶಾಲೆಯಲ್ಲೇ ಎಂಟರಿಂದ ಹತ್ತರವರೆಗೆ ಓದಿದವಳು.

ಅವಳ ಹೆಸರು ಇಲ್ಲಿ ಬರೆಯುವುದಿಲ್ಲ. ಪೋಕ್ಸೊ ಕಾಯ್ದೆಯ 23ನೇ ಕಲಂ ಅದನ್ನು ಬೇಡ ಅನ್ನುತ್ತದೆ, ಬೇಡ ಅನ್ನದಿದ್ದರೂ ಬರೆಯುತ್ತಿರಲಿಲ್ಲ. ಊರನ್ನೂ ಬಿಟ್ಟಿದ್ದೇನೆ. ಬಯಲುಸೀಮೆಯ ಯಾವ ಊರಾದರೂ ಆದೀತು.

ವಿಷಯ ಊರಿಗೆಲ್ಲ ಗೊತ್ತಿದ್ದದ್ದೇ. ಪಕ್ಕದ ಊರಿನ ಟ್ರ್ಯಾಕ್ಟರ್ ಓಡಿಸುವ ಹುಡುಗನ ಜೊತೆ ಪಿಯುಸಿ ಎರಡನೇ ವರ್ಷದಲ್ಲಿ ಹೋದಳು. ಎರಡು ವಾರ ಬೆಂಗಳೂರಿನ ಕಡೆ ಎಲ್ಲೋ ಇದ್ದರು. ಹಿರಿಯರು ಕೂತು ಮಾತಾಡಿ ಕರೆಸಿಕೊಂಡು ದೇವಸ್ಥಾನದಲ್ಲಿ ತಾಳಿ ಕಟ್ಟಿಸಿದರು. ಎರಡೂ ಮನೆಯವರು ಒಪ್ಪಿದ ಮೇಲೆ ಇನ್ನೇನು ಅಂತ ಊರೂ ಸುಮ್ಮನಾಯಿತು. ಯಾರೂ ಯಾರ ಮೇಲೂ ದೂರು ಕೊಟ್ಟಿರಲಿಲ್ಲ. ಕೇಸು ಹುಟ್ಟಿದ್ದು ತಾಯಿ ಕಾರ್ಡಿನಿಂದ. ಮೂರು ತಿಂಗಳಾಗಿದೆ ಅಂತ ಅತ್ತೆ ಸೊಸೆಯನ್ನು ಆಸ್ಪತ್ರೆಗೆ ಕರೆದುಕೊಂಡು ಹೋದಳು. ಕಾರ್ಡ್ ಮಾಡಲು ಆಧಾರ್ ಕೇಳಿದರು. ಆಧಾರ್‌ನಲ್ಲಿ ಹುಟ್ಟಿದ ದಿನ 01-06-2006 ಅಂತ ಇತ್ತು, ಅವತ್ತು 2024ರ ಮೇ ಹದಿನೈದು. ಹದಿನೆಂಟು ತುಂಬಲು ಇನ್ನೂ ಹದಿನೇಳು ದಿನ. ಗೊತ್ತಾದ ಮೇಲೆ ವರದಿ ಮಾಡದಿದ್ದರೆ ಡಾಕ್ಟರಿಗೇ ಆರು ತಿಂಗಳವರೆಗೆ ಜೈಲು. 19 ಮತ್ತು 21ನೇ ಕಲಂಗಳು ಹಾಗೆ ಹೇಳುತ್ತವೆ. ಅವರು ಫೋನ್ ಮಾಡಿದರು, ಮಾಡಲೇಬೇಕಿತ್ತು.

ಸಂಜೆಯೊಳಗೆ ಹುಡುಗ ಠಾಣೆಯಲ್ಲಿ, ಹುಡುಗಿ ಮಕ್ಕಳ ಕಲ್ಯಾಣ ಸಮಿತಿಯ ಮುಂದೆ. ಅಲ್ಲಿಂದ ಬಾಲಮಂದಿರಕ್ಕೆ. ಜೂನ್ ಒಂದಕ್ಕೆ ಅವಳಿಗೆ ಹದಿನೆಂಟಾಯಿತು, ಬಾಲಮಂದಿರದವರು ಮನೆಗೆ ಕಳಿಸಿದರು. ನಮ್ಮ ಕಡೆ ಹುಡುಗಿ 'ದೊಡ್ಡವಳಾದಳು' ಅಂದರೆ ಬೇರೆಯೇ ಅರ್ಥ. ಇವಳು ಸರ್ಕಾರದ ಲೆಕ್ಕದಲ್ಲಿ ಎರಡನೇ ಸಲ ದೊಡ್ಡವಳಾದಳು, ಮೂರು ತಿಂಗಳ ಬಸುರಿಯಾಗಿ. ಗಂಡ ಮಾತ್ರ ಹೊರಗೆ ಬರಲಿಲ್ಲ. ಬಾಲಕಿ ಗರ್ಭಿಣಿಯಾದರೆ ಅದು ಆರನೇ ಕಲಂ, 2019ರ ತಿದ್ದುಪಡಿಯ ನಂತರ ಅದಕ್ಕೆ ಕನಿಷ್ಠ ಶಿಕ್ಷೆಯೇ ಇಪ್ಪತ್ತು ವರ್ಷ. ಮದುವೆಯಾಗಿದೆ ಅಂದರೂ ಕೇಳುವಂತಿಲ್ಲ. ಹೆಂಡತಿಯೇ ಆದರೂ ಹದಿನೆಂಟರ ಕೆಳಗಿದ್ದರೆ ಅದು ಅತ್ಯಾಚಾರವೇ ಅಂತ ಸುಪ್ರೀಂ ಕೋರ್ಟ್ 2017ರ ಅಕ್ಟೋಬರಿನಲ್ಲಿ ಹೇಳಿಯಾಗಿದೆ. ಕರ್ನಾಟಕದ ತಿದ್ದುಪಡಿಯಂತೂ ಬಾಲ್ಯವಿವಾಹವನ್ನು ಮೊದಲಿನಿಂದಲೇ ಅಸಿಂಧು ಅನ್ನುತ್ತದೆ. ತಾಳಿ ಇದೆ, ಮದುವೆ ಇಲ್ಲ.

ಸಾಕ್ಷಿಗೆ ಹೋಗುವ ಹಿಂದಿನ ಸಂಜೆ ಬೀರುವಿನಿಂದ ವಹಿ ತೆಗೆದೆ. ಕೆಂಪು ಬಟ್ಟೆಯ ರಟ್ಟು, ಬೆನ್ನಿಗೆ ಸೆಲ್ಲೋ ಟೇಪು, ಮೂಲೆ ಇಲಿ ಕಡಿದದ್ದು. 2019ರ ಜೂನ್, ಎಂಟನೇ ತರಗತಿ. ಅವಳ ಸಾಲು ಸಿಕ್ಕಿತು. ಜನ್ಮ ದಿನಾಂಕ ಅಂಕಿಯಲ್ಲಿ, ಅಕ್ಷರದಲ್ಲಿ, ಎರಡೂ ಅಚ್ಚುಕಟ್ಟಾಗಿ ನನ್ನದೇ ಕೈಬರಹ. ನೋಡಿ ಬರೆದದ್ದು ಪ್ರಾಥಮಿಕ ಶಾಲೆಯ ಟಿ.ಸಿ. ಒಂದೇ ಕಾಂಪೌಂಡಿನಲ್ಲಿರುವ ಪ್ರಾಥಮಿಕ ಶಾಲೆಯ ಮೇಡಂ ಬಳಿ ಅವರ ವಹಿಯನ್ನೂ ಕೇಳಿ ನೋಡಿದೆ. 2012ರಲ್ಲಿ ಒಂದನೇ ತರಗತಿಗೆ ಸೇರಿದವರ ಪುಟ. 1-6-2006, 1-6-2006, 1-6-2006. ನಡುವೆ ಎಲ್ಲೋ ಒಂದು 14-9, ಒಂದು 22-2. ಅರ್ಧಕ್ಕಿಂತ ಹೆಚ್ಚು ಮಕ್ಕಳು ಒಂದೇ ದಿನ ಹುಟ್ಟಿದ್ದರು.

ಹಳ್ಳಿ ಶಾಲೆಯಲ್ಲಿ ಕೆಲಸ ಮಾಡಿದವರಿಗೆ ಇದನ್ನು ವಿವರಿಸಬೇಕಿಲ್ಲ. ಹೆರಿಗೆ ಮನೆಯಲ್ಲೇ ಆಗಿರುತ್ತದೆ, ಜನನ ಬರೆಸಿರುವುದಿಲ್ಲ. ತಾಯಿ ಬಂದು "ದೀಪಾವಳಿ ಕಳೆದು ಮೂರು ದಿನಕ್ಕೆ ಹುಟ್ತು ಸಾ, ಆ ವರ್ಷ ಕೆರೆ ಕೋಡಿ ಬಿದ್ದಿತ್ತು" ಅನ್ನುತ್ತಾಳೆ. ಮೇಷ್ಟ್ರು ಪಂಚಾಂಗ ಹುಡುಕಲು ಹೋಗುವುದಿಲ್ಲ. ಜೂನ್ ಒಂದಕ್ಕೆ ಆರು ವರ್ಷ ತುಂಬುವ ಹಾಗೆ ಲೆಕ್ಕ ಹಾಕಿ ಬರೆದು, ಹೆಬ್ಬೆಟ್ಟು ಒತ್ತಿಸಿ, "ಹೋಗಮ್ಮ" ಅನ್ನುತ್ತಾನೆ. ಆ ಗಳಿಗೆಯಿಂದ ಅದೇ ಸತ್ಯ. ಟಿ.ಸಿ.ಗೆ, ನಮ್ಮ ವಹಿಗೆ, ಎಸ್ಸೆಸ್ಸೆಲ್ಸಿ ಅಂಕಪಟ್ಟಿಗೆ, ಆಧಾರ್‌ಗೆ, ಎಲ್ಲಕ್ಕೂ ಬೇರು ಆ ಒಂದು ಸಾಲು. ವಯಸ್ಸು ನಿರ್ಧರಿಸುವುದು ಹೇಗೆಂದು ಹೇಳುವ ಬಾಲನ್ಯಾಯ ಕಾಯ್ದೆಯ 94ನೇ ಕಲಂ ಮೊದಲು ನೋಡುವುದೂ ಶಾಲೆಯ ದಾಖಲೆಯನ್ನೇ. ಅದಿಲ್ಲದಿದ್ದರೆ ಪಂಚಾಯ್ತಿಯ ಜನನ ಪತ್ರ, ಅದೂ ಇಲ್ಲದಿದ್ದರೆ ಮಾತ್ರ ಮೂಳೆ ಪರೀಕ್ಷೆ. ಈ ಹುಡುಗಿಯ ತಾಯಿ ಹೇಳುವುದು 2005ರ ದೀಪಾವಳಿ. ಹೌದಾದರೆ ತಾಳಿ ಕಟ್ಟಿದ ದಿನ ಅವಳಿಗೆ ಹದಿನೆಂಟು ದಾಟಿತ್ತು.

ವಹಿಯ ಪಕ್ಕದಲ್ಲೇ ಹಳೆಯ ಪಾಠಟಿಪ್ಪಣಿಗಳ ಕಟ್ಟಿತ್ತು. ಯಾಕೋ ಅದನ್ನೂ ಬಿಚ್ಚಿದೆ. 2021-22, ಹತ್ತನೇ ತರಗತಿ, ಅವಳಿದ್ದ ವರ್ಷ. 'ಜೀವಿಗಳು ಹೇಗೆ ಸಂತಾನೋತ್ಪತ್ತಿ ನಡೆಸುತ್ತವೆ?' ಅಧ್ಯಾಯ. ಅವಧಿ ಏಳು. ಬೋಧಿಸಲಾಗಿದೆ. ಕೆಳಗೆ ನನ್ನ ಸಹಿ, ಅದರ ಕೆಳಗೆ ಆಗಿನ ಮುಖ್ಯ ಶಿಕ್ಷಕರ ಸಹಿ.

ಬೋಧಿಸಿರಲಿಲ್ಲ. ಹೈಡ್ರಾದ ಮೊಗ್ಗು, ಸ್ಪೈರೋಗೈರಾ ತುಂಡಾಗುವುದು, ಕಾಡುಬಸಳೆಯ ಎಲೆಯಂಚಿನಲ್ಲಿ ಮೊಳೆಯುವ ಮರಿಗಿಡ, ಇಷ್ಟನ್ನು ಉತ್ಸಾಹದಿಂದಲೇ ಮಾಡಿದ್ದೆ. ಹೂವಿನ ನೀಳಛೇದ ಬೋರ್ಡಿನ ಮೇಲೆ ಬಣ್ಣದ ಸೀಮೆಸುಣ್ಣದಲ್ಲಿ ಬರೆದಿದ್ದೆ. ಶಲಾಕಾಗ್ರದ ಮೇಲೆ ಪರಾಗ ಮೊಳೆಯುವ ಚಿತ್ರ ಪರೀಕ್ಷೆಗೆ ಬರುತ್ತದೆ, ಅದನ್ನು ಮೂರು ಸಲ ಬರೆಸಿದ್ದೆ. ಮನುಷ್ಯರ ವಿಷಯ ಬಂದಾಗ ಪುಸ್ತಕ ಮಡಚಿ "ಮುಂದಿನದು ಸುಲಭ ಇದೆ, ಮನೇಲಿ ಓದ್ಕೊಳ್ಳಿ" ಅಂದಿದ್ದೆ. ಹುಡುಗರು ಒಬ್ಬರನ್ನೊಬ್ಬರು ತಿವಿದು ನಕ್ಕರು, ಹುಡುಗಿಯರು ತಲೆ ತಗ್ಗಿಸಿದರು. ಕೋವಿಡ್ ವರ್ಷ, ಶಾಲೆ ತೆರೆದದ್ದೇ ಆಗಸ್ಟ್ ಕೊನೆಗೆ, ಟೈಮಿರಲಿಲ್ಲ ಅಂತ ನನಗೆ ನಾನೇ ಹೇಳಿಕೊಂಡಿದ್ದೆ. ಅದಕ್ಕೂ ಹಿಂದಿನ ವರ್ಷಗಳಲ್ಲಿ ಕೋವಿಡ್ ಇರಲಿಲ್ಲ, ಆಗಲೂ ಹಾಗೇ ಮಾಡಿದ್ದೆ.

ನಾನೊಬ್ಬನೇ ಅಲ್ಲ ಅಂತಲೂ ಹೇಳಿಕೊಳ್ಳಬಹುದು. 2007ರ ಹೊತ್ತಿಗೆ ಕೇಂದ್ರದ ಹದಿಹರೆಯದ ಶಿಕ್ಷಣ ಕಾರ್ಯಕ್ರಮ ಬಂತು, ಏಡ್ಸ್ ನಿಯಂತ್ರಣದವರೂ ಮಾನವ ಸಂಪನ್ಮೂಲ ಇಲಾಖೆಯೂ ಸೇರಿ ಮಾಡಿದ್ದು. ನನ್ನದು ಇನ್ನೂ ಹೊಸ ನೌಕರಿ, ತರಬೇತಿಯ ಪಟ್ಟಿಯಲ್ಲಿ ಹೆಸರಿತ್ತು. ತರಬೇತಿ ನಡೆಯಲಿಲ್ಲ. ಚಿತ್ರಗಳು ಅಶ್ಲೀಲ, ಇದು ನಮ್ಮ ಸಂಸ್ಕೃತಿಯಲ್ಲ ಅಂತ ಗುಜರಾತ್, ಮಹಾರಾಷ್ಟ್ರ, ಮಧ್ಯಪ್ರದೇಶದ ಜೊತೆ ಕರ್ನಾಟಕವೂ ಅದನ್ನು ತಡೆಯಿತು. 2009ರಲ್ಲಿ ವೆಂಕಯ್ಯ ನಾಯ್ಡು ಅಧ್ಯಕ್ಷತೆಯ ರಾಜ್ಯಸಭೆಯ ಅರ್ಜಿಗಳ ಸಮಿತಿ ಶಾಲೆಯಲ್ಲಿ ಲೈಂಗಿಕ ಶಿಕ್ಷಣಕ್ಕೆ ಜಾಗವಿಲ್ಲ, ಏನಿದ್ದರೂ ಹನ್ನೊಂದು ಹನ್ನೆರಡನೇ ತರಗತಿಯ ಜೀವಶಾಸ್ತ್ರದಲ್ಲಿರಲಿ ಅಂದಿತು. ಅದಾದ ಮೂರೇ ವರ್ಷಕ್ಕೆ, 2012ರ ನವೆಂಬರ್ 14ರಂದು, ಮಕ್ಕಳ ದಿನಾಚರಣೆಯ ದಿನವೇ ಪೋಕ್ಸೊ ಜಾರಿಗೆ ಬಂತು. ಅಲ್ಲಿಯವರೆಗೆ ಹದಿನಾರಿದ್ದ ಸಮ್ಮತಿಯ ವಯಸ್ಸು ಹದಿನೆಂಟಾಯಿತು. ಆ ಬದಲಾವಣೆ ಮುಟ್ಟಬೇಕಾದ ಮಕ್ಕಳಿಗೆ ಅದನ್ನು ಯಾರೂ ಹೇಳಲಿಲ್ಲ. ಅವರ ಜೊತೆ ದಿನಾ ಆರು ಗಂಟೆ ಇರುವ ನಾನೂ ಹೇಳಲಿಲ್ಲ.

ಕೋರ್ಟಿನಲ್ಲಿ ಬೆಳಿಗ್ಗೆ ಹತ್ತೂವರೆಗೆ ಹಾಜರಿ. ವಹಿಯನ್ನು ಟವೆಲ್ಲಿನಲ್ಲಿ ಸುತ್ತಿ ತೊಡೆಯ ಮೇಲಿಟ್ಟುಕೊಂಡು ವರಾಂಡದ ಬೆಂಚಿನಲ್ಲಿ ಕೂತೆ. ಪಕ್ಕದಲ್ಲಿ ಇನ್ನೊಂದು ತಾಲ್ಲೂಕಿನ ಹೆಡ್ ಮಾಸ್ಟರ್, ಅವರ ತೊಡೆಯ ಮೇಲೂ ಒಂದು ವಹಿ. "ಮೊದಲನೇ ಸಲಾನಾ? ನನಗಿದು ನಾಲ್ಕನೇದು" ಅಂದರು. ಡ್ಯೂಟಿ ಸರ್ಟಿಫಿಕೇಟ್ ಎಲ್ಲಿ ಬರೆಸಬೇಕು, ಭತ್ಯೆಗೆ ಯಾವ ಗುಮಾಸ್ತರನ್ನು ಕೇಳಬೇಕು, ಕ್ಯಾಂಟೀನಿನಲ್ಲಿ ಏನು ತಿನ್ನಬಾರದು, ಎಲ್ಲ ಹೇಳಿಕೊಟ್ಟರು.

ಹನ್ನೆರಡರ ಹೊತ್ತಿಗೆ ಅವಳು ಕಂಡಳು. ಕಂಕುಳಲ್ಲಿ ಮೂರು ತಿಂಗಳ ಮಗು. ಹೈಕೋರ್ಟಿನ ಜಾಮೀನಿನ ಮೇಲೆ ಹೊರಬಂದ ಗಂಡ ಕಂಬದ ಮರೆಯಲ್ಲಿ ನಿಂತಿದ್ದ, ಮಗು ಹುಟ್ಟಿ ಒಂದು ತಿಂಗಳಾದ ಮೇಲೆ ಅದರ ಮುಖ ನೋಡಿದವನು. ಅವಳ ಸಾಕ್ಷಿ ಆಗಲೇ ಮುಗಿದಿತ್ತು, ಅದು ಬಾಗಿಲು ಹಾಕಿಕೊಂಡು ನಡೆಯುವ ವಿಚಾರಣೆ. ಅವಳು ಬಂದದ್ದು ವಾಯಿದೆಗೆ ಗಂಡನ ಜೊತೆಗೆ. ನನ್ನನ್ನು ನೋಡಿ ಸೆರಗು ಸರಿಮಾಡಿಕೊಂಡು ಎದ್ದು ನಿಂತಳು, ತರಗತಿಗೆ ಬಂದಾಗ ಏಳುತ್ತಿದ್ದ ಹಾಗೆಯೇ.

"ಸಾರ್, ಡೇಟು ತಿದ್ದಕ್ಕಾಗಲ್ವಾ?"

ಹತ್ತನೇ ತರಗತಿ ಮುಗಿದ ಮೇಲೆ ಅದಕ್ಕೆ ಬೇರೆ ಕೋರ್ಟಿನ ಆದೇಶ ಬೇಕಮ್ಮ, ನನ್ನ ಕೈಯಲ್ಲಿಲ್ಲ ಅಂದೆ. ಪಕ್ಕದಲ್ಲಿದ್ದ ಅವಳ ತಾಯಿ ನನ್ನ ಮುಖ ನೋಡದೆ ಹೇಳಿದಳು, "ಬರ್ದಿದ್ದು ನೀವೇ ಅಲ್ವಾ ಸಾ. ನಾನು ದೀಪಾವಳಿ ಅಂತ್ಲೇ ಅಂದಿದ್ದೆ." ನನಗಲ್ಲ, ಪ್ರಾಥಮಿಕ ಶಾಲೆಯಲ್ಲಿ ಅಂದಿದ್ದು ಅಂತ ಹೇಳಬಹುದಿತ್ತು. ಅವಳಿಗೆ ಮೇಷ್ಟ್ರೆಲ್ಲ ಒಬ್ಬರೇ.

ನನ್ನ ಸರದಿ ಊಟದ ನಂತರ ಬಂತು. ದೇವರ ಹೆಸರಿನಲ್ಲಿ ಪ್ರಮಾಣ ಮಾಡಿದೆ. ಸರ್ಕಾರಿ ವಕೀಲರಾದ ಪಿ.ಪಿ. ಮೇಡಂ ವಹಿ ತೋರಿಸಿದರು, ನಕಲು ನಿಶಾನೆ ಪಿ-9 ಆಯಿತು. ಶಾಲೆಯ ದಾಖಲೆಗಳನ್ನು ಕ್ರಮಬದ್ಧವಾಗಿ ನಿರ್ವಹಿಸಿಕೊಂಡು ಬಂದಿದ್ದೇನೆ ಅಂತ ಹೇಳಿದೆ. ಹೇಳುವಾಗ ಆ ಏಳು ಅವಧಿ ನೆನಪಾಯಿತು. ಅದನ್ನು ಯಾರೂ ಕೇಳಲಿಲ್ಲ.

ಪಾಟೀಸವಾಲಿಗೆ ಎದ್ದ ವಕೀಲರು ವಯಸ್ಸಾದವರು, ದನಿ ಏರಿಸದವರು. ಅವರು ಕೇಳಿದ್ದು, ನಾನು ಹೇಳಿದ್ದು ಎರಡೂ ಟೈಪಾಗುವಾಗ ಕೋರ್ಟಿನ ಕನ್ನಡಕ್ಕೆ ತಿರುಗುತ್ತಿತ್ತು. 'ಸದರಿ ಬಾಲಕಿಯನ್ನು ವರ್ಗಾವಣೆ ಪತ್ರದ ಆಧಾರದ ಮೇಲೆ ದಾಖಲಿಸಿಕೊಂಡಿದ್ದೇವೆ. ಜನನ ಪ್ರಮಾಣ ಪತ್ರ ಪಡೆದಿರುವುದಿಲ್ಲ ಎಂದರೆ ಸರಿ.' ಆಮೇಲೆ ಸ್ವಲ್ಪ ತಡೆದು, "ಹಳ್ಳಿ ಕಡೆ ನಿಜವಾದ ತಾರೀಖು ಗೊತ್ತಿಲ್ಲದಿದ್ದರೆ ಒಂದು-ಆರು ಅಂತ ಬರೆಯೋದು ರೂಢಿ ಅಲ್ವಾ ಮೇಷ್ಟ್ರೇ?"

ಪಿ.ಪಿ. ನನ್ನ ಕಡೆ ನೋಡಿದರು. ಸರ್ಕಾರದ ಸಾಕ್ಷಿ ಅಂದರೆ ಸರ್ಕಾರದ ಪರ ಅಂತ ಅವರ ಲೆಕ್ಕ. ನ್ಯಾಯಾಧೀಶರೂ ಕನ್ನಡಕದ ಮೇಲಿಂದ ನೋಡಿದರು. "ಸರಿ" ಅಂದೆ. 'ರೂಢಿ ಇದೆ ಎಂದರೆ ಸರಿ. ಸದರಿ ಬಾಲಕಿಯ ಜನ್ಮ ದಿನಾಂಕವನ್ನು ಅಂದಾಜಿನ ಮೇಲೆ ಬರೆಯಲಾಗಿದೆ ಎಂದರೆ ನನಗೆ ಗೊತ್ತಿಲ್ಲ.' ಗೊತ್ತಿಲ್ಲ ಅನ್ನುವುದೂ ನಿಜವೇ, ಬರೆದಾಗ ನಾನಿರಲಿಲ್ಲ. ಇಪ್ಪತ್ತು ನಿಮಿಷಕ್ಕೆ ಮುಗಿಯಿತು. ಓದಿ ನೋಡಿ ಸರಿ ಇದೆ ಅಂತ ಸಹಿ ಹಾಕಿದೆ.

ಹೊರಗೆ ಟೀ ಅಂಗಡಿಯಲ್ಲಿ ಅದೇ ವಕೀಲರು ಸಿಕ್ಕರು. ಗೆದ್ದ ಖುಷಿಯೇನೂ ಅವರ ಮುಖದಲ್ಲಿರಲಿಲ್ಲ. "ನಿಮ್ಮ ಮಾತಿಂದ ಬಚಾವಾದ ಅಂತೇನಿಲ್ಲ. ಅಂಕಪಟ್ಟಿ ಇದೆಯಲ್ಲ, ಅದೇ ಸಾಕು ಅಂತಲೂ ಅನ್ನಬಹುದು" ಅಂದರು. ಧಾರವಾಡದ ಹೈಕೋರ್ಟ್ ಪೀಠ 2022ರ ನವೆಂಬರಿನಲ್ಲಿ ಇಂಥದೇ ಒಂದು ಕೇಸಿನಲ್ಲಿ ಹದಿನಾರು ದಾಟಿದ ಹುಡುಗಿಯರು ಪ್ರೀತಿಸಿ ಹೋದ ಪ್ರಕರಣಗಳನ್ನು ನೋಡಿ ವಯಸ್ಸಿನ ಬಗ್ಗೆ ಮತ್ತೆ ಯೋಚಿಸಿ ಅಂತ ಕಾನೂನು ಆಯೋಗಕ್ಕೆ ಹೇಳಿತ್ತು. ಮರುವರ್ಷ ಸೆಪ್ಟೆಂಬರಿನಲ್ಲಿ ಆಯೋಗ ತನ್ನ 283ನೇ ವರದಿಯಲ್ಲಿ ಹದಿನೆಂಟನ್ನು ಇಳಿಸುವುದು ಬೇಡ, ಹದಿನಾರರಿಂದ ಹದಿನೆಂಟರ ನಡುವೆ ಒಪ್ಪಿಗೆಯ ಲಕ್ಷಣವಿದ್ದರೆ ಶಿಕ್ಷೆಯ ವಿಚಾರದಲ್ಲಿ ನ್ಯಾಯಾಧೀಶರಿಗೆ ಸ್ವಲ್ಪ ವಿವೇಚನೆ ಇರಲಿ ಅಂದಿತು. ಇಳಿಸಿದರೆ ಬಾಲ್ಯವಿವಾಹಕ್ಕೆ, ಹುಡುಗಿಯರ ಸಾಗಾಟಕ್ಕೆ ದಾರಿಯಾಗುತ್ತದೆ ಅನ್ನುವ ಭಯ. ಅದು ಸುಳ್ಳು ಭಯವಲ್ಲ, ನಮ್ಮ ಶಾಲೆಯಿಂದಲೇ ಒಂಬತ್ತನೇ ತರಗತಿಗೆ ಬಿಟ್ಟು ಮದುವೆಯಾಗಿ ಹೋದವರಿದ್ದಾರೆ. "ಅದೇ ಧಾರವಾಡದ ಆದೇಶದಲ್ಲಿ ಒಂಬತ್ತನೇ ತರಗತಿಯಿಂದ ಪೋಕ್ಸೊ ಬಗ್ಗೆ ಮಕ್ಕಳಿಗೆ ಹೇಳಿ ಅಂತಲೂ ಇದೆ ಮೇಷ್ಟ್ರೇ, ನಿಮ್ಮಲ್ಲಿ ಹೇಳ್ತೀರಾ?" ಅಂದರು. ಟೀ ಬಿಸಿಯಿದೆ ಅನ್ನುವ ನೆಪದಲ್ಲಿ ಸುಮ್ಮನಿದ್ದೆ.

ಮುಂದಿನ ಜೂನ್ ಕಳೆದು ಅಧ್ಯಾಯ ಬಂದಾಗ ಪುಸ್ತಕ ಮಡಚಲಿಲ್ಲ. ಧೈರ್ಯ ಅಂತೇನಲ್ಲ, ಬೆವರು ಬರುತ್ತಿತ್ತು. ಹಿಂದಿ ಮೇಡಂ ಅವರನ್ನು ಹಿಂದಿನ ಬೆಂಚಿನಲ್ಲಿ ಕೂರಿಸಿಕೊಂಡೆ. ಬಾಲಕ ಬಾಲಕಿಯರನ್ನು ಬೇರೆ ಮಾಡೋಣವಾ ಅಂದರೆ ಮೇಡಂ "ಬೇಡ ಸರ್, ಒಟ್ಟಿಗೇ ಕೇಳ್ಲಿ" ಅಂದರು. ಪದಗಳೇ ಮೊದಲ ತೊಡಕು. ಪುಸ್ತಕದ ಪದ ಸಂಸ್ಕೃತ, ಊರಿನ ಪದ ಬೈಗುಳ, ನಡುವೆ ಮಾತಾಡಲು ಪದವೇ ಇಲ್ಲ. ಮೊದಲ ದಿನ ಸಂಸ್ಕೃತವನ್ನೇ ಗಟ್ಟಿಯಾಗಿ ಹತ್ತು ಸಲ ಹೇಳಿದೆ. ನಾಲ್ಕನೇ ಸಲಕ್ಕೆ ನಗು ನಿಂತಿತು. ಮೂರನೇ ದಿನ ತಾಲ್ಲೂಕು ಆಸ್ಪತ್ರೆಯ ಸ್ನೇಹಾ ಕ್ಲಿನಿಕ್‌ನ ಆಪ್ತಸಮಾಲೋಚಕಿಯನ್ನು ಕರೆಸಿದೆ. ಹತ್ತರಿಂದ ಹತ್ತೊಂಬತ್ತು ವರ್ಷದವರಿಗೆ ಅಂತಲೇ ಇರುವ ಕ್ಲಿನಿಕ್ ಅದು. ಬಾಗಿಲ ಮೇಲೆ ಬೋರ್ಡೂ ಇದೆ. ಒಳಗೆ ಹೋದದ್ದನ್ನು ಯಾರಾದರೂ ನೋಡಿಯಾರು ಅಂತ ಯಾವ ಮಕ್ಕಳೂ ಹೋಗುವುದಿಲ್ಲ.

ಒಂದು ಬಿಸ್ಕತ್ತಿನ ಡಬ್ಬಿಗೆ ತೂತು ಮಾಡಿ ಇಟ್ಟೆವು, ಹೆಸರಿಲ್ಲದ ಚೀಟಿ ಹಾಕಿ ಅಂದೆವು. ಮುಟ್ಟಾದಾಗ ಉಪ್ಪಿನಕಾಯಿ ಮುಟ್ಟಿದರೆ ನಿಜವಾಗಿ ಕೆಡುತ್ತಾ? ಒಂದು ಹನಿ ಧಾತು ನೂರು ಹನಿ ರಕ್ತಕ್ಕೆ ಸಮ ಅಂತಾರೆ, ನಾನು ಸಾಯ್ತೀನಾ? ಬಸ್ ಸ್ಟ್ಯಾಂಡ್ ಗೋಡೆ ಮೇಲೆ ಬರೆದಿರೋ ಗುಪ್ತರೋಗ ಡಾಕ್ಟರ್ ಹತ್ರ ಹೋಗಬಹುದಾ, ದುಡ್ಡೆಷ್ಟು? ಮಾವನ ಮಗ ಫೋನಲ್ಲಿ ಫೋಟೋ ಕೇಳ್ತಾನೆ, ಕೊಡದಿದ್ರೆ ಅಮ್ಮನಿಗೆ ಹೇಳ್ತೀನಿ ಅಂತಾನೆ. ಕೊನೆಯದನ್ನು ತರಗತಿಯಲ್ಲಿ ಓದಲಿಲ್ಲ. ಸಮಾಲೋಚಕಿ ಆ ದಿನ ಹೊರಡುವ ಮುಂಚೆ ಮಕ್ಕಳ ಸಹಾಯವಾಣಿಯ ನಂಬರು 1098 ಅನ್ನು ಬೋರ್ಡಿನ ತುಂಬ ದೊಡ್ಡದಾಗಿ ಬರೆದು, ಒಬ್ಬೊಬ್ಬ ಹುಡುಗಿಯನ್ನೂ ಎರಡೆರಡು ನಿಮಿಷ ಬೇರೆಯಾಗಿ ಮಾತಾಡಿಸಿ ಹೋದರು.

ವಾರ ಕಳೆಯುವುದರೊಳಗೆ ಎಸ್‌ಡಿಎಂಸಿ, ಅಂದರೆ ಶಾಲಾಭಿವೃದ್ಧಿ ಸಮಿತಿಯ ಸಭೆ. ಮಠಕ್ಕೆ ನಡೆದುಕೊಳ್ಳುವ ಯಜಮಾನರೂ ಮಸೀದಿ ಕಮಿಟಿಯ ಸಾಹೇಬರೂ ಒಂದೇ ಬೆಂಚಿನಲ್ಲಿ ಕೂತು ಒಂದೇ ಮಾತು ಹೇಳಿದರು. ಗಣೇಶನ ಮೆರವಣಿಗೆಯ ದಾರಿ ವಿಚಾರದಲ್ಲಿ ಇವರಿಬ್ಬರನ್ನು ಒಟ್ಟಿಗೆ ಕೂರಿಸಲು ತಹಸೀಲ್ದಾರರು ಬರಬೇಕಾಗಿತ್ತು. "ಇದೆಲ್ಲ ವಯಸ್ಸಿಗೆ ಬಂದ್ಮೇಲೆ ತಾನಾಗೇ ಗೊತ್ತಾಗುತ್ತೆ ಮೇಷ್ಟ್ರೇ, ಹೇಳ್ಕೊಟ್ಟು ಕೆಡಿಸ್ಬೇಡಿ." ಅದೇ ಯಜಮಾನರು ಎರಡು ತಿಂಗಳ ಹಿಂದೆ ಮೊಮ್ಮಗಳು ಮೈನೆರೆದದ್ದಕ್ಕೆ ಬಸ್ ಸ್ಟ್ಯಾಂಡಿನಲ್ಲಿ ಫ್ಲೆಕ್ಸ್ ಹಾಕಿಸಿ ಊರಿಗೆಲ್ಲ ಊಟ ಹಾಕಿಸಿದ್ದರು, ಹೋಳಿಗೆ ನಾನೂ ತಿಂದಿದ್ದೆ. ಫ್ಲೆಕ್ಸಿನ ಮೇಲೆ ಆ ಹುಡುಗಿಯ ಫೋಟೋ ಇತ್ತು. ಆಗಿದ್ದು ಏನು ಅಂತ ಅವಳಿಗೆ ಮನೆಯಲ್ಲಿ ಯಾರೂ ಹೇಳಿರಲಿಲ್ಲ, ಡಬ್ಬಿಯ ಚೀಟಿಯ ಕೈಬರಹ ನನಗೆ ಗೊತ್ತಾಗಿತ್ತು. ಇದನ್ನು ಸಭೆಯಲ್ಲಿ ಹೇಗೆ ಹೇಳಲಿ. ಪಠ್ಯಪುಸ್ತಕ ಸರ್ಕಾರದ್ದು, ಪ್ರಶ್ನೆ ಪರೀಕ್ಷೆಗೆ ಬರುತ್ತದೆ ಅಂತ ಇಲಾಖೆಯ ಗುರಾಣಿ ಹಿಡಿದೆ.

ನನ್ನನ್ನು ಉಳಿಸಿದ್ದು ಸಮಿತಿಯಲ್ಲಿದ್ದ ಆಶಾ ಕಾರ್ಯಕರ್ತೆ. ಅಲ್ಲಿಯವರೆಗೆ ಯಾವ ಸಭೆಯಲ್ಲೂ ಬಾಯಿಬಿಟ್ಟವರಲ್ಲ. "ಕೇಸಾಗುತ್ತೆ ಅಂತ ಐದು ತಿಂಗಳಾದ್ರೂ ಕಾರ್ಡ್ ಮಾಡ್ಸಕ್ಕೆ ಬರಲ್ಲಣ್ಣ. ಹದಿನೆಂಟು ತುಂಬ್ಲಿ ಅಂತ ಮನೇಲಿ ಬಚ್ಚಿಟ್ಟಿರ್ತಾರೆ. ನಾನು ಹೋಗಿ ನೋಡೋ ಹೊತ್ತಿಗೆ ರಕ್ತ ಆರಕ್ಕೆ ಇಳಿದಿರುತ್ತೆ. ನೀವು ಯಾರಾದ್ರೂ ಬರ್ತೀರಾ ನನ್ ಜೊತೆ, ಆ ಮನೆಗಳಿಗೆ?" ಅಂದರು. ಸಾಹೇಬರು ಟೋಪಿ ತೆಗೆದು ತಲೆ ಕೆರೆದುಕೊಂಡರು. ಯಜಮಾನರು ಚಿತ್ರಗಿತ್ರ ಬೇಡ, ಬಾಯಲ್ಲಿ ಹೇಳಿ ಸಾಕು ಅಂದರು. ನಡಾವಳಿ ಪುಸ್ತಕದಲ್ಲಿ 'ಆರೋಗ್ಯ ಶಿಕ್ಷಣದ ಬಗ್ಗೆ ಚರ್ಚಿಸಲಾಯಿತು' ಅಂತ ಬರೆದೆ.

ಕೇಸಿನ ತೀರ್ಪು ನಾನು ಇದನ್ನು ಬರೆಯುವ ಹೊತ್ತಿಗೆ ಬಂದಿಲ್ಲ. ಹುಡುಗ ವಾಯಿದೆಯಿಂದ ವಾಯಿದೆಗೆ ಬಸ್ಸಿನಲ್ಲಿ ಹೋಗಿಬರುತ್ತಾನೆ, ಟ್ರ್ಯಾಕ್ಟರಿನ ಕೆಲಸ ಹೋಗಿದೆ. ಅವಳು ಪಿಯುಸಿ ಮುಗಿಸಲಿಲ್ಲ.

ಅಧ್ಯಾಯದ ಏಳನೇ ಅವಧಿಯಲ್ಲಿ ಡಬ್ಬಿಯನ್ನು ಕೊನೆಯ ಸಲ ತೆಗೆದೆ. ಒಂದೇ ಚೀಟಿ ಇತ್ತು. ನೋಟ್‌ಬುಕ್ಕಿನ ಮೂಲೆ ಹರಿದು, ಪೆನ್ಸಿಲ್ಲಿನಲ್ಲಿ ಬರೆದದ್ದು. 'ಹದಿನೆಂಟು ಅಂದರೆ ಶಾಲೆ ಡೇಟೋ, ಹುಟ್ಟಿದ ಡೇಟೋ?'

ಗಟ್ಟಿಯಾಗಿ ಓದಿದೆ. ಯಾರೂ ನಗಲಿಲ್ಲ.

"ಶಾಲೆ ಡೇಟು" ಅಂದೆ.

ಹಿಂದಿನ ಬೆಂಚಿನಲ್ಲಿ ಇಬ್ಬರು ಬೆರಳು ಮಡಚಿ ಲೆಕ್ಕ ಹಾಕುತ್ತಿದ್ದರು.